ಒಂಬತ್ತನೇ ಗೆರೆ

ಹನ್ನೊಂದನೇ ದಿನದ ಕಾರ್ಯ ಮುಗಿದು ನೆಂಟರು ಹೊರಟುಹೋದ ಮರುದಿನ ಬೆಳಿಗ್ಗೆ ಆರಕ್ಕೆ ಮಜ್ಜಿಗೆ ಕಡೆದು, ಉಪ್ಪು ಹಾಕಿ, ದೊಡ್ಡ ಲೋಟಕ್ಕೆ ಬಗ್ಗಿಸಿದೆ. ಬಗ್ಗಿಸಿದ ಮೇಲೆ ನೆನಪಾಯಿತು. ಲೋಟವನ್ನು ಏನು ಮಾಡಬೇಕೆಂದು ತಿಳಿಯದೆ ಕಟ್ಟೆಯ ಮೇಲಿಟ್ಟು ನಿಂತೆ. ಅತ್ತೆ ದುರುಗಮ್ಮ ಬಂದು ನೋಡಿದರು. ಅರ್ಧ ಕುಡಿದು ಉಳಿದರ್ಧವನ್ನು ನನ್ನ ಕೈಗೆ ಕೊಟ್ಟರು.

"ಕುಡಿ ಮಂದಾ. ಚೆಲ್ಲಬ್ಯಾಡ."

ಆರಕ್ಕೆ ಕುಲುಮೆ ಹೊತ್ತಿಕೊಳ್ಳುತ್ತಿತ್ತು. ಅದಾದ ಕಾಲು ಗಂಟೆಗೆ ನನ್ನ ಗಂಡ ತಿಪ್ಪೇಶನ ಹಣೆಯಲ್ಲಿ ಬೆವರು ಮೂಡುತ್ತಿತ್ತು. ಎರಕದ ಕಾರ್ಖಾನೆ ಇರುವುದು ಹರಿಹರದ ಹೊರಗೆ, ನಮ್ಮ ಮನೆಯಿಂದ ಮೂರು ಮೈಲಿ. ಅವನು ಅಡುಗೆಮನೆಯ ಹೊಸ್ತಿಲ ಹತ್ತಿರ ಬನಿಯನ್ನಿನಲ್ಲಿ ಕೂತು ಮಜ್ಜಿಗೆ ಕುಡಿಯುತ್ತ, "ಈಗ ಎರಡನೇ ಕುಲುಮೆ ಹಚ್ಚಿದ್ರು ನೋಡು" ಅನ್ನುತ್ತಿದ್ದ. ಅತ್ತೆ ಮಗನ ಹಣೆ ಮುಟ್ಟಿ ನೋಡುತ್ತಿದ್ದರು.

"ಮೈ ತಣ್ಣಗೈತಲ್ಲೋ."

"ಹೊರಗ ತಣ್ಣಗೈತಿ ಅವ್ವಾ."

ಅವನ ಎಡ ಮುಂಗೈಯಲ್ಲಿ ಹೊಣೆಪಟ್ಟಿ ಇರುತ್ತಿತ್ತು.

ಹೊಣೆಪಟ್ಟಿಯ ಕಾಯಿದೆ ಬಂದು ಆರು ವರ್ಷವಾಗಿತ್ತು. ಅದಕ್ಕೂ ಮುಂಚೆಯೇ ಕಾರ್ಖಾನೆ ಕಾನೂನಿನಲ್ಲಿ ಒಂದು ಮಾತಿತ್ತು: ಕಂಪನಿಯ ನಿರ್ದೇಶಕರಲ್ಲಿ ಒಬ್ಬರು ಕಾರ್ಖಾನೆಯ ಅಧಿಭೋಗದಾರರಾಗಿರಬೇಕು; ಅಲ್ಲಿ ದುಡಿಯುವವರ ಜೀವಕ್ಕೆ ಅವರು ಹೊಣೆ. ಆ ಹೊಣೆ ಕಾಗದದ ಮೇಲಿತ್ತು. ಅಧಿಭೋಗದಾರರು ಬೇರೆ ಊರಿನಲ್ಲಿರುತ್ತಿದ್ದರು. ಕೆಲವರು ಕಾರ್ಖಾನೆಯ ಒಳಗೆ ಕಾಲಿಟ್ಟವರೇ ಅಲ್ಲ. ಹೊಸ ಕಾಯಿದೆ ಅದನ್ನು ಅವರ ಮೈಮೇಲೆ ತಂದಿತು. ಪ್ರತಿ ಕೆಲಸಗಾರನ ಅಂಗಿಯ ಕಾಲರಿನಲ್ಲಿ ಗುಂಡಿಯಂಥ ಒಂದು ಸಂವೇದಕ. ಇಡೀ ಕಾರ್ಖಾನೆಯಲ್ಲಿ ಯಾರಿಗೆ ಅತಿ ಹೆಚ್ಚು ಬಿಸಿ ತಾಗುತ್ತಿದೆಯೋ ಅವರ ಬಿಸಿ ಆ ಕ್ಷಣವೇ ಅಧಿಭೋಗದಾರರ ಪಟ್ಟಿಗೆ ಬರುತ್ತದೆ. ಪಟ್ಟಿ ಚರ್ಮವನ್ನು ಸುಡುವುದಿಲ್ಲ. ಬಿಸಿಯ ಸುದ್ದಿ ಒಯ್ಯುವ ನರಗಳಿಗೆ ಸಣ್ಣ ವಿದ್ಯುತ್ತಿನಿಂದ ಸುಳ್ಳು ಹೇಳುತ್ತದೆ. ಮೈ ಅದನ್ನು ನಂಬಿ ಬೆವರುತ್ತದೆ.

ಬಿಸಿ ಅಧಿಭೋಗದಾರರ ಮಿತಿ ಮುಟ್ಟಿದರೆ ಕುಲುಮೆಗಳು ತಾವಾಗಿ ಆರುತ್ತವೆ. ಪಟ್ಟಿ ಕಳಚಿದರೂ ಆರುತ್ತವೆ. ಮುಂಚೆಯೇ ನಿಲ್ಲಿಸಬೇಕೆನಿಸಿದರೆ ಪಟ್ಟಿಯ ಅಂಚಿನಲ್ಲಿ ಒಂದು ಕೆಂಪು ಗುಂಡಿಯಿದೆ.

ಆ ಮಿತಿ ಎಲ್ಲರಿಗೂ ಒಂದೇ ಅಲ್ಲ. ಮೊದಲ ವರ್ಷ ಕೆಲವು ವಯಸ್ಸಾದ ನಿರ್ದೇಶಕರು ಮೂರ್ಛೆ ಹೋದರು, ನಂತರ ಕೋರ್ಟಿಗೆ ಹೋದರು. ಹೊರಲಾರದ್ದನ್ನು ಯಾರ ಮೇಲೂ ಹೊರಿಸಬಾರದೆಂದು ತೀರ್ಪು ಬಂತು. ಅಲ್ಲಿಂದ ಪ್ರತಿಯೊಬ್ಬರನ್ನೂ ಅಳೆದು, ಹತ್ತು ಗೆರೆಗಳಲ್ಲಿ ಅವರದು ಯಾವುದೆಂದು ಗುರುತಿಸುವ ಪದ್ಧತಿ ಶುರುವಾಯಿತು. ಅಳೆಯುವುದು ಸುಲಭ. ಕುರ್ಚಿಯಲ್ಲಿ ಕೂರಿಸಿ, ಪಟ್ಟಿ ತೊಡಿಸಿ, ಬಿಸಿ ಏರಿಸುತ್ತ ಹೋಗುವುದು. ಅವರು "ಸಾಕು" ಅಂದ ಕಡೆ ನಿಲ್ಲಿಸಿ ಬರೆದುಕೊಳ್ಳುವುದು.

ದಾವಣಗೆರೆಯ ಮಾಪನ ಕೇಂದ್ರದಲ್ಲಿ ಆ ಕೆಲಸ ನನ್ನದು. ಭೌತಶಾಸ್ತ್ರದಲ್ಲಿ ಎಂ.ಎಸ್ಸಿ. ಮಾಡಿ ಸಿಕ್ಕ ಮೊದಲ ಕೆಲಸ. ತಿಪ್ಪೇಶನ ಗೆರೆ ಬರೆದವಳೂ ನಾನೇ. ಒಂಬತ್ತು.

*

ಹತ್ತು ಗಂಟೆಗೆ ವಿಶ್ವಾರಾಧ್ಯರು ಬಂದರು. ಕಂಪನಿಯ ಹಿರಿಯ ನಿರ್ದೇಶಕರು. ಚಪ್ಪಲಿಯನ್ನು ಬೀದಿಯಲ್ಲೇ ಬಿಟ್ಟು ಒಳಗೆ ಬಂದರು. ಕಾಫಿ ಬೇಡವೆಂದರು.

"ಗೇಟಿನ ಹತ್ರ ಫೋಟೋಕ್ಕೆ ಹಾರ ಹಾಕಿಸೀನಮ್ಮ. ದಿನಾ ಹೊಸದು ಹಾಕ್ರಿ ಅಂತ ಹೇಳೀನಿ."

ಕಾರ್ಖಾನೆಯ ಗೇಟಿನಲ್ಲಿ ಅಧಿಭೋಗದಾರರ ಫೋಟೋ ಇರಬೇಕೆಂಬುದು ನಿಯಮ. ಕೆಳಗೆ, "ಈ ಕಾರ್ಖಾನೆಯಲ್ಲಿ ದುಡಿಯುವವರ ಜೀವಕ್ಕೆ ಇವರು ಹೊಣೆ" ಎಂದು ಬರೆದಿರುತ್ತದೆ. ಆ ಫೋಟೋದಲ್ಲಿ ತಿಪ್ಪೇಶ ಕೋಟು ತೊಟ್ಟಿದ್ದಾನೆ. ಅದು ಅವನದಲ್ಲ. ಜೊತೆಯಲ್ಲಿ ಎರಕ ಹೊಯ್ಯುತ್ತಿದ್ದ ರುದ್ರಮುನಿಯ ಮದುವೆಯ ಕೋಟು. ಫೋಟೋಕ್ಕೆಂದು ತಂದವನು, ಆಮೇಲೆ ವರ್ಷಕ್ಕೊಂದು ಸಭೆಗೂ ಅದನ್ನೇ ಹಾಕಿಕೊಂಡ. ಹೆಗಲಿಗೆ ಬಿಗಿಯಾಗುತ್ತದೆಂದು ಹೊಲಿಗೆ ಬಿಚ್ಚಿಸಿದ್ದ. ವಿಶ್ವಾರಾಧ್ಯರು ಮಾತಾಡುವಾಗ ಅದು ಅವರ ಹಿಂದಿನ ಗೂಟದಲ್ಲಿ ನೇತಾಡುತ್ತಿತ್ತು.

ಅವರು ಒಂದು ಹಾಳೆ ತೆಗೆದರು. ಅದರಲ್ಲಿ ಒಂದೇ ವಾಕ್ಯವಿತ್ತು. ಅಧಿಭೋಗದಾರ ತಿಪ್ಪೇಶನ ಅಳತೆ ಕ್ರಮಬದ್ಧವಾಗಿ ನಡೆದಿತ್ತು ಎಂದು. ಅಳೆದವರ ಸಹಿಗೆ ಜಾಗ.

"ಫ್ಯಾಕ್ಟರಿ ಇನ್‌ಸ್ಪೆಕ್ಟರ್ ಆಫೀಸಿನವ್ರು ನಿಮ್ಮ ಸೆಂಟರಿಗೂ ಕಳಿಸ್ತಾರೆ. ನಾನೇ ಮೊದ್ಲು ತಂದೆ. ಬ್ಯಾರೆಯವ್ರ ಕೈಯಿಂದ ನೋಡೋದು ಬ್ಯಾಡ ಅಂತ."

"ಸಹಿ ಹಾಕಿದರೆ ಏನಾಗುತ್ತದೆ?"

"ಏನೂ ಆಗಲ್ಲ. ಅವತ್ತು ಎರಕದ ಮನ್ಯಾಗೆ ಬಿಸಿ ಏರೋವಾಗ ಗುಂಡಿ ಅವನ ಕೈಯಾಗಿತ್ತು, ಇಪ್ಪತ್ತೆರಡು ನಿಮಿಷ ಒತ್ತಲಿಲ್ಲ. ಹೊಣೆ ಅವಂದು ಅಂತ ಆಗ್ತದೆ. ಸತ್ತವ್ರನ್ನ ಯಾರೂ ಜೈಲಿಗೆ ಹಾಕಲ್ಲ ತಾಯಿ. ಕೇಸು ಅಲ್ಲಿಗೇ ಮುಗೀತದೆ."

"ಅವನ ಹೆಸರು ಏನಾಗುತ್ತದೆ?"

ಅವರು ಕನ್ನಡಕ ತೆಗೆದು ಒರೆಸಿಕೊಂಡರು. ಕೆಟ್ಟ ಮನುಷ್ಯರಲ್ಲ ಅವರು. ಮೊದಲ ಮೂರು ವರ್ಷ ಪಟ್ಟಿ ತೊಟ್ಟವರೇ ಅವರು.

"ನಂದು ಮೂರನೇ ಗೆರೆ," ಎಂದರು. "ತಿಂಗಳಿಗೆ ಹದಿನೈದು ಸಲ ಕುಲುಮೆ ಆರೋದು. ತಂಗಿ ಮಗಳ ಮದ್ವಿಯಾಗೆ ಊಟಕ್ಕೆ ಕೂತೋನು ಎಲಿ ಮುಂದೆ ಅತ್ತೀನಿ. ಜನ ಎಲ್ಲ ಹುಡುಗಿ ಹೋಗ್ತಾಳಂತ ಅಳಾಕತ್ತಾನ ಅಂದ್ಕಂಡ್ರು. ಆಮೇಲೆ ಗಟ್ಟಿ ಆಳು ಒಬ್ಬನ್ನ ನಿರ್ದೇಶಕ ಮಾಡ್ಕಳಣ ಅಂದ್ವಿ. ಎಲ್ಲಾ ಕಡೀಗೂ ಹಂಗೇ ಮಾಡ್ತಿದ್ರು."

"ಮೂರು ಫ್ಯಾನು ಕೆಟ್ಟಿವೆ ಅಂತ ಅವನು ಮೀಟಿಂಗಿನಲ್ಲಿ ಹೇಳಿದ್ದ."

"ಹೇಳಿದ್ದ. ಎಷ್ಟನೇ ಗೆರೆ ಮುಟ್ಟೈತೋ ಅಂತ ಕೇಳಿದ್ವಿ. ಏಳು ಅಂದ. ಒಂಬತ್ತಕ್ಕೆ ಇನ್ನೂ ಎರಡು ಐತಲ್ಲ, ಮುಂದಿನ ತಿಂಗಳು ಮಾಡ್ಸಣ ಅಂತ..." ಅವರು ಹಾಳೆಯನ್ನು ಮಡಿಚಿದರು, ಮತ್ತೆ ಬಿಡಿಸಿದರು. "ಆ ಮಾತು ಅಂದೋನು ನಾನೇ."

ಹಾಳೆಯನ್ನು ಬಿಟ್ಟು ಹೋದರು. ಅತ್ತೆ ಅದರ ಮೇಲೆ ಒಂದು ಲೋಟ ಇಟ್ಟರು, ಹಾರಿಹೋಗದಿರಲಿ ಎಂದು.

*

ಅವರು ಬಂದುಹೋದ ಮೂರನೆಯ ದಿನ ಕೆಲಸಕ್ಕೆ ಹೋದೆ. ಕೇಂದ್ರದ ಮುಖ್ಯಸ್ಥೆ ಡಾಕ್ಟರ್ ಶಮೀಮ್ ನನ್ನನ್ನು ತಮ್ಮ ಕೋಣೆಗೆ ಕರೆದು ಬಾಗಿಲು ಹಾಕಿದರು. ನಾನು ಕೇಳಿದ್ದು ಒಂದೇ. ಅವನ ಪಟ್ಟಿಯಲ್ಲಿ ದಾಖಲಾದ ಕೊನೆಯ ಇಪ್ಪತ್ತೆರಡು ನಿಮಿಷಗಳನ್ನು ನನಗೆ ಕೊಡಿ.

"ಓದಿದರೆ ಸಾಲದಾ?"

"ಸಾಲದು ಮೇಡಂ."

ನಮ್ಮ ಕೇಂದ್ರದಲ್ಲಿ ಒಂದು ಪಟ್ಟಿಯ ದಾಖಲೆಯನ್ನು ಇನ್ನೊಂದು ಪಟ್ಟಿಗೆ ಹರಿಸಬಹುದು. ಪಟ್ಟಿಗಳನ್ನು ಪರೀಕ್ಷಿಸಲು ಹಾಗೆ ಮಾಡುತ್ತೇವೆ. ನಾನು ಎಷ್ಟೋ ಜನರನ್ನು ಕೂರಿಸಿದ ಕುರ್ಚಿಯಲ್ಲಿ ಕೂತೆ. ಶಮೀಮ್ ಎದುರಿಗೆ ಕೂತು ಯಂತ್ರ ಚಾಲೂ ಮಾಡಿದರು.

ಮೊದಲು ಕಿವಿಯ ತುದಿ ಬಿಸಿಯಾಯಿತು. ಆಮೇಲೆ ಮೂಗಿನ ಒಳಗೆ. ನಾಲ್ಕನೇ ಗೆರೆಯ ಹೊತ್ತಿಗೆ ಬೆನ್ನು ಒದ್ದೆಯಾಗಿತ್ತು. ಐದಕ್ಕೆ ಉಸಿರು ಒಳಗೆ ಹೋಗಲು ಹಿಂಜರಿಯಿತು. ಎರಡು ವಾರಗಳಲ್ಲಿ ಮೊದಲ ಬಾರಿಗೆ ನನಗೆ ಏನೋ ತಾಗುತ್ತಿತ್ತು. ಅವನನ್ನು ಮಣ್ಣು ಮಾಡಿದ ದಿನವೂ ಹೀಗೆ ತಾಗಿರಲಿಲ್ಲ. ಪರದೆಯ ಅಂಚಿನಲ್ಲಿ ಅವನ ನಾಡಿ ಓಡುತ್ತಿತ್ತು. ನನ್ನದಕ್ಕಿಂತ ನಿಧಾನ. ಆರು. ಆರೂವರೆ. ಶಮೀಮ್ ನನ್ನ ಮುಖವನ್ನೇ ನೋಡುತ್ತಿದ್ದರು. ನಾನು ಕುರ್ಚಿಯ ಕೈ ಹಿಡಿದುಕೊಂಡೆ. ಏಳಕ್ಕೆ ಅವರು ತಾವೇ ನಿಲ್ಲಿಸಿದರು.

"ಯಾಕೆ ಹೇಳಲಿಲ್ಲ ಮಂದಾಕಿನಿ? ನೀನು ನಾಲ್ಕಕ್ಕೇ ಹೇಳಬೇಕಿತ್ತು."

"ನೀವು ಎದುರಿಗಿದ್ದಿರಿ. ಹೇಳಲು ನಾಚಿಕೆಯಾಯಿತು."

ಹೇಳಿದ ಮೇಲೆ ನಾನು ಏನು ಹೇಳಿದೆನೆಂದು ನನಗೇ ತಿಳಿಯಿತು. ಶಮೀಮ್ ನೀರು ಕೊಟ್ಟರು. ಕುಡಿದು, ಮೂರು ವರ್ಷದಿಂದ ಯಾರಿಗೂ ಹೇಳದಿದ್ದುದನ್ನು ಹೇಳಿದೆ.

ಅವತ್ತು ಆ ಕಂಪನಿ ಆರು ಜನರನ್ನು ಕಳಿಸಿತ್ತು. ಆರೂ ಜನ ಎರಕದವರು. ಅವರಲ್ಲಿ ಒಬ್ಬನನ್ನು ನಿರ್ದೇಶಕನಾಗಿ ಮಾಡುತ್ತೇವೆಂದು ಹೇಳಿ ಕಳಿಸಿದ್ದರು. ಏಪ್ರಿಲ್ ತಿಂಗಳು. ಹೊರಗಿನ ಪಡಸಾಲೆಯ ಫ್ಯಾನು ಕೆಟ್ಟಿತ್ತು. ಕಾಯುವವರ ಅಂಗಿಗಳು ಬೆನ್ನಿಗೆ ಅಂಟಿದ್ದವು. ಅಳತೆಯ ಕೋಣೆಯಲ್ಲಿ ಏಸಿ ಇತ್ತು. ನಾನು ಎಲ್ಲರನ್ನೂ ಒಳಗೆ ಬಂದು ಕೂತುಕೊಳ್ಳಿ ಎಂದೆ.

ಎರಕ ಹೊಯ್ಯುವವರಲ್ಲಿ ಒಂದು ಪದ್ಧತಿಯಿದೆ. ಕಾದ ಲೋಹದ ಬಾನಿಯನ್ನು ಇಬ್ಬರು ಹಿಡಿದಿರುತ್ತಾರೆ. ಮೊದಲು "ಸಾಕು" ಅಂದವನು ಅವತ್ತು ಎಲ್ಲರಿಗೂ ಮಂಡಕ್ಕಿ ಮಿರ್ಚಿ ತರಬೇಕು. ನನಗೆ ಅದು ಗೊತ್ತಿರಲಿಲ್ಲ. ಗೋಡೆಯ ಪಕ್ಕದ ಬೆಂಚಿನಲ್ಲಿ ಐವರು ಕೂತು ಕುರ್ಚಿಯಲ್ಲಿದ್ದವನನ್ನು ನೋಡುತ್ತ ನಗುತ್ತಿದ್ದರು. "ಏ, ಮುಖ ಕೆಂಪಾತು ನೋಡ್ರೋ." "ಮಂಡಕ್ಕಿಗೆ ಉಳ್ಳಾಗಡ್ಡಿ ಜಾಸ್ತಿ ಹಾಕಿಸ್ಬೇಕು ಇವತ್ತು." ರುದ್ರಮುನಿ ಐದಕ್ಕೆ ಸೋತ. ಎಲ್ಲರಿಗಿಂತ ಮೊದಲು ಸೋತವನು ಅವನೇ. ತಿಪ್ಪೇಶ ಕೊನೆಯವನು. ಎಂಟು ದಾಟಿದಾಗ ನಾನೇ ಕೇಳಿದೆ, ಸಾಕಾ ಎಂದು. "ಇನ್ನೊಂದೀಟು ಇರ್ಲಿ ಮೇಡಂ, ಇವ್ರೆಲ್ಲ ನೋಡ್ತಿದಾರೆ" ಎಂದ. ಒಂಬತ್ತಕ್ಕೆ ಹೇಳಿದ. ಆಮೇಲೆ ರುದ್ರಮುನಿ ಪೇಪರಿನಲ್ಲಿ ಕಟ್ಟಿಸಿಕೊಂಡು ಬಂದ ಮಂಡಕ್ಕಿಯನ್ನು ನಾನೂ ತಿಂದೆ. ತಿಪ್ಪೇಶ ಮಿರ್ಚಿಯ ತೊಟ್ಟು ಮುರಿದು ನನಗೆ ಕೊಟ್ಟ. ಎಂಟು ತಿಂಗಳ ನಂತರ ನಮ್ಮ ಮದುವೆಯಾಯಿತು.

ಅಳೆದ ಪ್ರತಿಯೊಬ್ಬರಿಗೂ ತುಂಬುವ ಏಳನೇ ನಂಬರಿನ ಫಾರಂನಲ್ಲಿ ಒಂದು ಪ್ರಶ್ನೆಯಿದೆ. ಅಳೆಯುವಾಗ ಕೋಣೆಯಲ್ಲಿ ಬೇರೆ ಯಾರೂ ಇರಲಿಲ್ಲವೇ? ಆರೂ ಫಾರಂಗಳಲ್ಲಿ ನಾನು, ಇರಲಿಲ್ಲ ಎಂದು ಗುರುತು ಹಾಕಿದ್ದೆ. ಆ ಪ್ರಶ್ನೆ ಯಾಕಿದೆ ಎಂದು ಯೋಚಿಸಿರಲಿಲ್ಲ. ಸೆಕೆಯಲ್ಲಿದ್ದವರನ್ನು ಒಳಗೆ ಕರೆದಿದ್ದೆ, ಅಷ್ಟೇ.

ಶಮೀಮ್ ಖಾಲಿ ಲೋಟ ತೆಗೆದುಕೊಂಡು ಮೇಜಿನ ಮೇಲಿಟ್ಟರು.

"ಹಾಗಾದರೆ ಅಳತೆ ಅಸಿಂಧು," ಎಂದರು. "ಅಸಿಂಧು ಆದರೆ ಏನಂತ ನಿನಗೆ ಗೊತ್ತಲ್ಲ."

ಗೊತ್ತಿತ್ತು. ಗೆರೆ ಸುಳ್ಳಾದರೆ ಅದನ್ನು ನಂಬಿ ನಡೆದ ಇಡೀ ಅವಧಿಯ ಹೊಣೆ ಒಬ್ಬ ನಿರ್ದೇಶಕನದಲ್ಲ, ಮಂಡಳಿಯ ಎಲ್ಲರದು. ಜೊತೆಗೆ, ಸುಳ್ಳು ಗುರುತು ಹಾಕಿದವರ ಮೇಲೆ ಬೇರೆಯೇ ಮೊಕದ್ದಮೆ.

"ನಿನ್ನ ಕೆಲಸ ಹೋಗುತ್ತೆ. ಅದಕ್ಕಿಂತ ಹೆಚ್ಚೂ ಆಗಬಹುದು. ನೀನು ಈ ಮಾತನ್ನ ನನಗೆ ಹೇಳಲೇ ಇಲ್ಲ ಅಂತ ನಾನು ಇರಬಲ್ಲೆ."

"ಬೇಡ ಮೇಡಂ."

*

ಮನೆಯಲ್ಲಿ ಅತ್ತೆ ಅಲಸಂದೆಕಾಯಿ ಸುಲಿಯುತ್ತಿದ್ದರು. ನಾನು ಪಕ್ಕದಲ್ಲಿ ಕೂತು ಸುಲಿದೆ. ವಿಶ್ವಾರಾಧ್ಯರ ಹಾಳೆ ಇನ್ನೂ ಲೋಟದ ಕೆಳಗಿತ್ತು. ಅದರ ಮೇಲೆ ಒಂದು ಉಂಗುರ ಮೂಡಿತ್ತು. ನಡೆದದ್ದನ್ನೆಲ್ಲ ಅವರಿಗೆ ತಿಳಿಯುವಂತೆ ಹೇಳಿದೆ. ಅವರು ಸುಲಿಯುವುದನ್ನು ನಿಲ್ಲಿಸಲಿಲ್ಲ.

"ಅವನು ತಪ್ಪು ಮಾಡ್ಯಾನೇನು?"

"ಸ್ವಲ್ಪ. ಗುಂಡಿ ಮೊದಲೇ ಒತ್ತಬೇಕಿತ್ತು."

"ನೀನು?"

"ನಾನೂ ಸ್ವಲ್ಪ."

"ಆ ದೊಡ್ಡ ಮನುಷ್ಯಾರು?"

"ಅವರೂ."

"ಹಂಗಾರ ಅಷ್ಟಷ್ಟೇ ಬರಿ. ಅವಂದು ಮುಚ್ಚಬ್ಯಾಡ, ನಿಂದೂ ಮುಚ್ಚಬ್ಯಾಡ. ಅವ್ರದ್ದು ಹೊತ್ಕಣಾಕ ಅವನು ಇಲ್ಲ ಈಗ."

ಸುಲಿದ ಕಾಳನ್ನು ಮೊರದಲ್ಲಿ ಕೇರಿ ಎದ್ದರು. ಒಳಗೆ ಹೋದ ಮೇಲೆ ನಲ್ಲಿ ಬಹಳ ಹೊತ್ತು ಸುರಿಯುತ್ತಿತ್ತು.

ನಾನು ಒಂದೂವರೆ ಪುಟ ಬರೆದೆ. ಕೋಣೆಯಲ್ಲಿ ಐವರಿದ್ದರು ಎಂದು. ಅವರನ್ನು ಕರೆದವಳು ನಾನು, ಸುಳ್ಳು ಗುರುತು ಹಾಕಿದವಳು ನಾನು ಎಂದು. ಕಂಪನಿ ಆರು ಜನರ ಗೆರೆಗಳನ್ನು ತರಿಸಿಕೊಂಡು ಅತಿ ಹೆಚ್ಚಿನದನ್ನು ಆರಿಸಿತು ಎಂದು. ಫ್ಯಾನಿನ ಮಾತು ಮಂಡಳಿಗೆ ಗೊತ್ತಿತ್ತು ಎಂದು. ನನ್ನ ಗಂಡ ಇಪ್ಪತ್ತೆರಡನೇ ನಿಮಿಷಕ್ಕೆ ಗುಂಡಿ ಒತ್ತಿ, ಕಾರ್ಖಾನೆಯ ಮೇಲ್ಮಹಡಿಯ ತಣ್ಣನೆಯ ಕೋಣೆಯಿಂದ ಕೆಳಗೆ ಓಡಿ, ಬಿಸಿಗೆ ಕುಸಿದಿದ್ದ ಮೂವರನ್ನು ಹೊರಗೆ ಎಳೆದು ತಂದು, ನಾಲ್ಕನೇ ಸಲ ಒಳಗೆ ಹೋದವನು ಬರಲಿಲ್ಲ ಎಂದು. ಕೊನೆಯ ವಾಕ್ಯ ಕಾನೂನಿಗೆ ಬೇಕಿರಲಿಲ್ಲ. ಆದರೂ ಹಾಗೇ ಇರಿಸಿದೆ.

ಕಾರ್ಖಾನೆ ನಿರೀಕ್ಷಕರ ಕಚೇರಿಯಲ್ಲಿ ಅದನ್ನು ತೆಗೆದುಕೊಂಡ ಹೆಂಗಸು ನಿಂತೇ ಎರಡು ಸಲ ಓದಿದರು. ಆಮೇಲೆ ನನಗೆ ಕುರ್ಚಿ ತೋರಿಸಿದರು. ವಿಚಾರಣೆಗೆ ಕರೆಯುತ್ತೇವೆ, ಊರು ಬಿಟ್ಟು ಹೋಗಬೇಡಿ ಎಂದರು. ಎಲ್ಲಿಗೆ ಹೋಗಲಿ ಎಂದು ಕೇಳಬೇಕೆನಿಸಿತು.

ಆ ವಾರವೇ ನನ್ನನ್ನು ಅಮಾನತಿನಲ್ಲಿಟ್ಟರು. ವಿಶ್ವಾರಾಧ್ಯರಿಗೂ ಉಳಿದ ನಾಲ್ವರಿಗೂ ನೋಟಿಸು ಹೋಯಿತು. ಅವರು ಫೋನು ಮಾಡಿದರು. ಬೈಯುತ್ತಾರೆಂದುಕೊಂಡೆ. "ಆ ಫೋಟೋ ತೆಗಿಸೀನಮ್ಮ," ಎಂದರು. "ಈಗ ಅಲ್ಲಿ ನಮ್ಮ ಐದೂ ಜನರದ್ದು ಐತಿ. ಹಾರ ಇಲ್ಲ." ಫೋನ್ ಇಟ್ಟರು.

*

ಮರುದಿನ ಬೆಳಿಗ್ಗೆ ಕೂತು ಕೋಟಿನ ಹೆಗಲ ಹೊಲಿಗೆಯನ್ನು ಮೊದಲಿದ್ದ ಗುರುತಿಗೆ ತಂದು ಹೊಲಿದೆ. ಇಸ್ತ್ರಿ ಮಾಡಿ, ಹಳೆಯ ಧೋತರದಲ್ಲಿ ಸುತ್ತಿಕೊಂಡು ಮಧ್ಯಾಹ್ನ ರುದ್ರಮುನಿಯ ಮನೆಗೆ ಹೋದೆ. ತುಂಗಭದ್ರೆಯ ಸೇತುವೆಯ ಈಚೆ, ಓಣಿಯ ಕೊನೆಗೆ, ಶೀಟು ಹಾಕಿದ ಎರಡು ಕೋಣೆ. ತಿಪ್ಪೇಶ ಹೊರಗೆ ಎಳೆದು ತಂದ ಮೂವರಲ್ಲಿ ಅವನು ಎರಡನೆಯವನು. ಆಸ್ಪತ್ರೆಯಿಂದ ಬಂದು ನಾಲ್ಕು ದಿನವಾಗಿತ್ತು. ಗಲ್ಲ ಒಳಗೆ ಹೋಗಿತ್ತು. ಅವನ ಹೆಂಡತಿ ಹೊನ್ನಮ್ಮ ಚಾಪೆ ಹಾಸಿದಳು.

"ಕೋಟು ಕೊಟ್ಟು ಹೋಗೋಣ ಅಂತ ಬಂದೆ."

"ಅದ್ಯಾಕ ತರಾಕೆ ಹೋದ್ರಿ ಅಕ್ಕಾರ. ಅಣ್ಣಂದೇ ಅದು ಇನ್ನ."

"ಅವನು ಕಡ ತಂದಿದ್ದ."

ಹೊನ್ನಮ್ಮ ಗಂಟು ಬಿಚ್ಚಿ ಕೋಟು ನೋಡಿದಳು. ರುದ್ರಮುನಿ ನೋಡಲಿಲ್ಲ. ನೆಲ ನೋಡುತ್ತ ಕೂತಿದ್ದ.

"ಸೋಮವಾರ ಡ್ಯೂಟಿಗೆ ಹೋಗ್ತೀನಿ," ಎಂದ. "ಫ್ಯಾನು ಹೊಸವು ಹಾಕ್ಯಾರಂತೆ." ಸ್ವಲ್ಪ ತಡೆದು, "ಅಣ್ಣ ಅವತ್ತು ಫೋನ್ ಮಾಡಿದ್ದ ಅಕ್ಕಾರ. ಮೇಲಿನ ಕೋಣೆಯಿಂದ. ಬಿಸಿ ಏರೋ ನಡುವೆ."

ಹೊನ್ನಮ್ಮನ ಕೈ ಕೋಟಿನ ಮೇಲೆ ನಿಂತಿತು. ಅವಳಿಗೂ ಇದು ಹೊಸದು.

"ಹೆಂಗೈತೋ ಕೆಳಗ, ನಿಲ್ಲಿಸ್ಲೇನೋ ಅಂದ. ಎಂಟು ದಾಟೈತಿ ಅಂದ. ನನ್ನ ಪಕ್ಕದಾಗ ಹುಡುಗ್ರು ನಿಂತಿದ್ರು. ಅವ್ರ ಮುಂದ ನಾನು ಏನಂತ ಅನ್ಲಿ? ಆರಾಮೈತಿ ಅಣ್ಣ, ಈ ಬಾನಿ ಹೊಯ್ದು ಬಿಡ್ತೀವಿ ಅಂದೆ." ಅವನು ಮುಂಗೈಯಿಂದ ಮೂಗು ಒರೆಸಿಕೊಂಡ. "ನಾನು ಆರಾಮೈತಿ ಅಂದೆ."

ಇಪ್ಪತ್ತೆರಡು ನಿಮಿಷ ಗುಂಡಿ ಒತ್ತದೆ ಯಾಕೆ ಕೂತಿದ್ದ ಎಂದು ನಾನು ದಾಖಲೆಯಲ್ಲಿ ಹುಡುಕಿದ್ದೆ. ಅದು ಅಲ್ಲಿರಲಿಲ್ಲ. ಪಟ್ಟಿ ಕಳಿಸಿದ ಸುದ್ದಿ ಬಿಟ್ಟು ಅವನು ಗೆಳೆಯನ ಮಾತನ್ನು ನಂಬಿದ್ದ. ಏನಾದರೂ ಹೇಳಬೇಕಿತ್ತು. ನಿಮ್ಮ ತಪ್ಪಲ್ಲ ಎನ್ನಬಹುದಿತ್ತು. ಅದು ನಿಜವಲ್ಲ.

"ಅಳತೆಯ ದಿನ ನೀವೆಲ್ಲ ಒಳಗೆ ಕೂತಿದ್ದಿರಿ. ನಾನೇ ಕೂರಿಸಿದ್ದೆ," ಎಂದೆ. "ಅದನ್ನು ಬರೆದು ಕೊಟ್ಟಿದ್ದೇನೆ."

ಅವನು ತಲೆಯೆತ್ತಿದ. ಹೊನ್ನಮ್ಮ ಎದ್ದು, ಗಂಡನ ಮುಖ ನೋಡಲಾರದೆಯೋ ಏನೋ, ಕೋಟು ಝಾಡಿಸಿ ಹಿಡಿದಳು.

"ಒಂದ್ಸಲ ಹಾಕ್ಕಂಡು ನೋಡ್ರಿ. ಅಕ್ಕಾರು ಹೊಲಿಗಿ ಹಾಕ್ಯಾರ."

ಅವನು ಎದ್ದು ನಿಂತು ತೋಳು ತೂರಿಸಿದ. ಮೈ ಇಳಿದಿದ್ದರಿಂದ ಸಡಿಲವಾಗಿತ್ತು. ಮೇಲಿನ ಗುಂಡಿಯನ್ನೂ ಹಾಕಿಕೊಂಡ. ಶೀಟಿನ ಕೆಳಗೆ ಮೇ ತಿಂಗಳ ಬಿಸಿಲು ಕಾಯುತ್ತಿತ್ತು. ಟೇಬಲ್ ಫ್ಯಾನು ನನ್ನ ಕಡೆ ತಿರುಗಿತ್ತು. ಅತಿಥಿಯೆಂದು ಅವರೇ ತಿರುಗಿಸಿದ್ದರು. ಅವನ ಕಿವಿಯ ಪಕ್ಕದಿಂದ ಒಂದು ಹನಿ ಇಳಿದು ಕಾಲರಿಗೆ ಹೋಯಿತು. ಇನ್ನೊಂದು ಇಳಿಯಿತು.

"ಸೆಕಿ, ತೆಗೀರಿ ಇನ್ನ," ಎಂದಳು ಹೊನ್ನಮ್ಮ. "ಡಾಕ್ಟ್ರು ಏನಂದಾರ?"

"ಇರ್ಲಿ ಬಿಡು. ಅಕ್ಕಾರು ನೋಡ್ಲಿ."

ಅವನ ತುಟಿ ಬೆಳ್ಳಗಾಗುತ್ತಿತ್ತು. ಕೈಗಳನ್ನು ಪಕ್ಕಕ್ಕೆ ಇಳಿಬಿಟ್ಟು, ಫೋಟೋಕ್ಕೆ ನಿಂತವನ ಹಾಗೆ ನಿಂತಿದ್ದ. ನನಗೆ ಆ ನಿಲುವು ಗೊತ್ತಿತ್ತು. ಎದ್ದು ನಾನೇ ಗುಂಡಿ ಬಿಚ್ಚಬಹುದಿತ್ತು. ಫ್ಯಾನನ್ನು ಅವನ ಕಡೆ ತಿರುಗಿಸಿದೆ, ಅಷ್ಟೇ. ಮತ್ತೆ ಚಾಪೆಯ ಮೇಲೆ ಗೋಡೆಗೆ ಮುಖ ಮಾಡಿ ಕೂತೆ.

"ನಾನು ನೋಡುತ್ತಿಲ್ಲ ರುದ್ರಮುನಿ," ಎಂದೆ. "ನೀವೇ ಹೇಳಬೇಕು."

ನನ್ನ ಬೆನ್ನ ಹಿಂದೆ ಫ್ಯಾನು ತಿರುಗುವ ಸದ್ದು ಕೇಳುತ್ತಿತ್ತು.

"ಸಾಕು," ಎಂದ ಅವನು.

ಆಮೇಲೆ, ಪೂರ್ತಿ ನಗುವೂ ಅಲ್ಲದ ಧ್ವನಿಯಲ್ಲಿ, "ಮಂಡಕ್ಕಿ ನಾನೇ ತರ್ಬೇಕಾತು ಮತ್ತ."

ನಾನು ಎದ್ದು, ಕೋಟನ್ನು ಅವನ ಹೆಗಲಿನಿಂದ ಇಳಿಸಿ, ಮಡಿಚಿ, ಹೊನ್ನಮ್ಮನ ಕೈಗೆ ಕೊಟ್ಟೆ.